ಹೆಬ್ಬೆರಳಿನ ಗುಳಿ

ನೌಪಾಡಾ, ಠಾಣೆ
21 ನವೆಂಬರ್ 2011

ಮಗಾ ಜ್ಯೋತ್ಸ್ನಾ,

ಇಲ್ಲಿ ಎಲ್ಲರೂ ಸೌಖ್ಯ ಎಂದು ಬರೆದು ಕಾಗದ ಶುರು ಮಾಡಬೇಕು. ಈ ಸಲ ಹಾಗೆ ಬರೆಯಲಿಕ್ಕೆ ಕೈ ಬರುವುದಿಲ್ಲ. ನಿನ್ನ ಅಪ್ಪ ನಲವತ್ತನಾಲ್ಕು ಕಿಲೋಗೆ ಇಳಿದಿದ್ದಾರೆ.

ಹೃದಯದ ಒಂದು ಕವಾಟ ಕೆಟ್ಟಿದೆಯಂತೆ. ಆಪರೇಷನ್ ಆಗಲೇಬೇಕು. ಆದರೆ ಡಾಕ್ಟರು, "ಈ ದೇಹಕ್ಕೆ ನಾನು ಕೈ ಹಾಕುವುದಿಲ್ಲ. ಫೆಬ್ರವರಿಯೊಳಗೆ ನಲವತ್ತೆಂಟಾಗಿ ಬನ್ನಿ, ಆಮೇಲೆ ನೋಡುವ," ಎಂದು ಕಳಿಸಿದರು. ತಿಂದರಲ್ಲವಾ ಏರುವುದು? ಮೂವತ್ತು ವರ್ಷ ಹೋಟೆಲು ನಡೆಸಿ ಈ ಬೀದಿಗೆಲ್ಲ ಬಡಿಸಿದ ಮನುಷ್ಯ, ಈಗ ಎರಡು ಚಮಚ ಗಂಜಿ ಕುಡಿದು ಬಟ್ಟಲು ದೂಡುತ್ತಾರೆ. ನಾನು ಎಂತ ಮಾಡಿದರೂ ಉಪ್ಪಿಲ್ಲ, ಹುಳಿಯಿಲ್ಲ. ಮೊನ್ನೆ ಗೋಡೆ ನೋಡಿಕೊಂಡು, ಸಣ್ಣ ಮಕ್ಕಳ ಹಾಗೆ, "ಚಳಿ ಬಂದರೆ ಅಮ್ಮ ಹುರುಳಿ ಸಾರಿಗೆ ಪುಂಡಿ ಹಾಕಿ ಕೊಡುತ್ತಿದ್ದರು," ಎಂದರು. ಅಷ್ಟೇ. 

ನನ್ನ ಬೆರಳ ಗಂಟುಗಳು ಬಾತಿವೆ. ಪೆನ್ನು ಹೇಗೋ ಹಿಡಿಯುತ್ತೇನೆ, ಬಿಸಿ ಹಿಟ್ಟು ನಾದಲಿಕ್ಕೆ ಆಗುವುದಿಲ್ಲ. ಕೆಳಗಿನ ಮನೆಯ ಲೋಲಾಕ್ಷಿಗೆ ಅಡುಗೆಯೆಂದರೆ ಬಿಸ್ಕತ್ತು, ಚಹಾ. ಮತ್ತೆ ಯಾರನ್ನು ಕೇಳಲಿ?

ನೀನು ಮನೆ ಬಿಟ್ಟ ಈ ಹದಿನೆಂಟು ವರ್ಷದಲ್ಲಿ ನಿನ್ನ ಹತ್ತಿರ ಎಂತದೂ ಕೇಳಿದವಳಲ್ಲ. ಈಗ ಕೇಳುತ್ತಿದ್ದೇನೆ. ನಿನ್ನ ಗಂಡ ದಿನಾ ಬೆಳಿಗ್ಗೆ ವಾಗ್ಳೆ ಎಸ್ಟೇಟಿನ ಕಾರ್ಖಾನೆ ಕೆಲಸಕ್ಕೆ ಠಾಣೆಯಲ್ಲೇ ಇಳಿಯುತ್ತಾರೆ ಎಂದು ಲೋಲಾಕ್ಷಿ ಹೇಳಿದಳು. ಒಂದು ಡಬ್ಬಿ ಅವಳ ಮನೆಯಲ್ಲಿಟ್ಟು ಹೋದರೆ ಸಾಕು. ಅವಳೇ ಮಾಡಿದ್ದು ಎಂದು ನಾನು ಹೇಳುತ್ತೇನೆ. ನೀನು ಎಂದು ತಿಳಿದರೆ ಅವರು ನೀರೂ ಮುಟ್ಟಲಿಕ್ಕಿಲ್ಲ. ಫೋನು ಮಾಡಬೇಡ, ಅದು ಅವರ ಮಂಚದ ಪಕ್ಕದಲ್ಲೇ ಉಂಟು.

ಪುಂಡಿಗೆ ಅಕ್ಕಿ ತೊಳೆದು ಆರಿಸಿ ತರಿ ಮಾಡು. ಕುದಿಯುವ ನೀರಿನಲ್ಲಿ ಬೇಯಿಸಿ, ತೆಂಗಿನತುರಿ ಹಾಕಿ, ಬಿಸಿಯಿರುವಾಗಲೇ ಉಂಡೆ ಕಟ್ಟು. ಪ್ರತಿ ಉಂಡೆಗೂ ಹೆಬ್ಬೆರಳಲ್ಲಿ ಒಂದು ಗುಳಿ ಒತ್ತಬೇಕು, ಇಲ್ಲದಿದ್ದರೆ ಹಬೆಯಲ್ಲಿಟ್ಟಾಗ ಒಳಗೆ ಬೇಯುವುದಿಲ್ಲ. ಬೆಳ್ಳುಳ್ಳಿ ಬೇಡ. ನಿನಗೆ ಗೊತ್ತೇ ಉಂಟು.

ಇಂತು,
ನಿನ್ನ ಅಮ್ಮ ಜಯಲತಾ


ಡೊಂಬಿವಲಿ ಪೂರ್ವ
25 ನವೆಂಬರ್ 2011

ಅಮ್ಮಾ,

ಸೋಮವಾರದಿಂದ ಡಬ್ಬಿ ಬರುತ್ತದೆ.

ಇದಕ್ಕಿಂತ ಹೆಚ್ಚು ಬರೆಯಬೇಕೆಂದು ಮೂರು ಹಾಳೆ ಕೆಡಿಸಿದೆ. ಇಂಗ್ಲಿಷ್ ಶಾಲೆಯಲ್ಲಿ ಓದಿಸಿ, ಮನೆಯಲ್ಲಿ ಕೂರಿಸಿ ಕನ್ನಡ ಕಲಿಸಿದವಳು ನೀನು. ಕಚೇರಿಯ ಕಾಗದವಾದರೆ ಇಂಗ್ಲಿಷಿನಲ್ಲಿ ಸರಸರನೆ ಬರೆಯುತ್ತೇನೆ. ನಿನಗೆ ಬರೆಯುವಾಗ ಪ್ರತಿ ಮಾತನ್ನೂ ಎರಡು ಸಲ ನೋಡುತ್ತೇನೆ, ತಪ್ಪಿಗಾಗಿ ಅಲ್ಲ, ಅದು ಏನನ್ನು ಬಿಟ್ಟುಕೊಡುತ್ತದೆ ಎಂದು.

ರೇವಣಸಿದ್ದರಿಗೆ ಹೇಳಿದೆ. ಅವರು ಕೇಳಿದ್ದು ಒಂದೇ: "ಎರಡು ಅಂತಸ್ತಿನ ಡಬ್ಬಿನೋ, ಮೂರರದೋ? ಲೋಕಲ್‌ನಾಗ ಮೂರರದು ಹಿಡ್ಯಾಕ ಜಾಗಾ ಇರಂಗಿಲ್ಲ." ತಮ್ಮ ಮದುವೆಗೆ ಬಾರದ, ತಮ್ಮ ಮುಖವನ್ನೇ ನೋಡದ ಮಾವನಿಗೆ ಊಟ ಹೊರುವುದರ ಬಗ್ಗೆ ಅವರು ಏನೂ ಅನ್ನಲಿಲ್ಲ. ಅಂದಿದ್ದರೆ ನನಗೆ ಹಗುರವಾಗುತ್ತಿತ್ತು.

ನಿನ್ನ
ಜ್ಯೋತ್ಸ್ನಾ


ನೌಪಾಡಾ
3 ಡಿಸೆಂಬರ್ 2011

ಮಗಾ,

ಖಾಲಿ ಡಬ್ಬಿಯಲ್ಲಿ ಈ ಚೀಟಿ. ಬೇಸರ ಮಾಡಬೇಡ. ಪುಂಡಿ ಕಲ್ಲಿನ ಹಾಗಾಗಿತ್ತು. ಅವರು ಒಂದನ್ನು ತಟ್ಟೆಗೆ ಬಡಿದು ನೋಡಿ, "ಲೋಲಾಕ್ಷಿಗೆ ಹೇಳು, ಇದರಲ್ಲಿ ಕ್ರಿಕೆಟ್ ಆಡಬಹುದು," ಎಂದರು. ಆದರೂ ಒಂದು ತಿಂದರು. ನಗಾಡಿದ್ದು ನೋಡಿ ತಿಂಗಳಾಗಿತ್ತು.

ಅಮ್ಮ


ಡೊಂಬಿವಲಿ
11 ಡಿಸೆಂಬರ್ 2011

ಅಮ್ಮಾ,

ಕಲ್ಲು ಮೆತ್ತಗಾದ ಕಥೆ ಹೇಳುತ್ತೇನೆ.

ನನ್ನ ಅತ್ತೆ ಸಾಬವ್ವ ಅಡುಗೆಮನೆಯ ಬಾಗಿಲಲ್ಲಿ ಕೂತು ಒಂದು ವಾರ ಸುಮ್ಮನೆ ನೋಡಿದರು. ತುರ್ಭೆಯಲ್ಲಿ ಕಲ್ಲು ಹೊತ್ತು, ಮಣ್ಣು ಹೊತ್ತು ಮಗನನ್ನು ಬೆಳೆಸಿದ ಹೆಂಗಸು. ಸುಮ್ಮನಿರುವುದು ಅವರ ಸ್ವಭಾವವಲ್ಲ. ಕಡೆಗೆ ಎದ್ದು ಬಂದರು.

"ಏನವಾ ಇದು, ಪುಂಡಿ ಅಂತಿ, ನಮ್ಮ ಕಡಿ ಪುಂಡಿ ಅಂದ್ರ ಹುಳಿ ಸೊಪ್ಪು. ಇದು ಗುಂಡು. ಚಳಿಗಾಲದಾಗ ಬರೀ ಅಕ್ಕಿ ತಿಂದ್ರ ಮೈಯಾಗ ಕಾವು ಹೆಂಗ ಹುಟ್ತದ? ಸರಿ ಅತ್ಲಾಗ."

ಅರ್ಧ ಅಕ್ಕಿತರಿ ತೆಗೆಸಿ ಅಷ್ಟೇ ಸಜ್ಜೆ ಹಿಟ್ಟು ಸುರಿದರು. ಕುದಿನೀರಿಗೆ ಜೀರಿಗೆ, ಉಪ್ಪು, ಒಂದು ಚಮಚ ಎಣ್ಣೆ. ಕಟ್ಟಿಗೆಯ ಹುಟ್ಟಿನಿಂದ ತಿರುವಿ ಮುಚ್ಚಿಟ್ಟು, ಕೈ ಸುಡುವಾಗಲೇ ನಾದಿದರು. ಆ ಕೈಗೆ ಬಿಸಿ ತಾಗುವುದೇ ಇಲ್ಲ. ಹುರುಳಿಯನ್ನು ನಾನು ರಾತ್ರಿಯೇ ನೆನೆಹಾಕಿದ್ದೆ. ಬೆಂದ ಹುರುಳಿಯಿಂದ ಒಂದು ಹಿಡಿ ತೆಗೆದು, ನೀನು ತೆಂಗಿನಕಾಯಿ ಹಾಕುವ ಜಾಗದಲ್ಲಿ ಹುರಿದ ಶೇಂಗಾ, ಸ್ವಲ್ಪ ಗುರೆಳ್ಳು, ಬ್ಯಾಡಗಿ ಮೆಣಸು, ಹುಣಸೆ ಹಾಕಿ ರುಬ್ಬಿದರು. ತೆಂಗಿನಕಾಯಿ ಇಲ್ಲಿ ದುಬಾರಿ. ಶೇಂಗಾ ದಿನಾ ಹಾಕಿದರೂ ಭಾರವಾಗುವುದಿಲ್ಲ. ಬೆಳ್ಳುಳ್ಳಿ ಸುಲಿಯಲು ಕೂತವರಿಗೆ ಬೇಡ ಎಂದೆ. "ಬಳ್ಳೊಳ್ಳಿ ಇಲ್ಲದ ಹುರುಳಿ? ಹಂಗಾದ್ರ ಇಂಗ ಹಾಕು, ಅವನ ಕರ್ಮ," ಎಂದರು.

ಉಂಡೆ ಕಟ್ಟಿ, ನಾನು ಗುಳಿ ಒತ್ತಿ, ಹಬೆಯಲ್ಲಿ ಬೇಯಿಸಿ, ಅವನ್ನು ಸಾರಿನಲ್ಲಿ ಐದು ನಿಮಿಷ ಕುದಿಸಿದೆವು. ನಿಮ್ಮದೂ ಅಲ್ಲ, ಇವರದೂ ಅಲ್ಲ. ಮಗಳು ಮಾನಸಿ ಕಾಲೇಜಿನಿಂದ ಬಂದವಳು ನಿಂತಲ್ಲೇ ನಾಲ್ಕು ತಿಂದು, "ಆಈ, ಹಾ ಸೀಕ್ರೆಟ್ ಡಬ್ಬಾ ಕುಣಾಸಾಠೀ?" ಎಂದು ಮರಾಠಿಯಲ್ಲಿ ಕೇಳಿದಳು, ಈ ಗುಟ್ಟಿನ ಡಬ್ಬಿ ಯಾರಿಗೆ ಎಂದು. ನಿನ್ನ ಅಜ್ಜನಿಗೆ ಎಂದೆ. ಹದಿನೇಳು ವರ್ಷದ ಹುಡುಗಿ, ಅಜ್ಜ ಎಂಬುವವನು ಒಬ್ಬ ಇದ್ದಾನೆ, ಅವನಿಗೆ ಹಸಿವಾಗುತ್ತದೆ ಎಂದು ಮೊದಲ ಸಲ ಕೇಳಿದವಳ ಹಾಗೆ ನನ್ನನ್ನು ನೋಡಿದಳು.

ಡಬ್ಬಿ ಕಟ್ಟುವಾಗ ಅತ್ತೆ ಅಂದರು: "ನಿಮ್ಮಪ್ಪ ನನ್ನ ಹೊಸ್ತಲ ತುಳಿಲಿಲ್ಲ. ನನ್ನ ಸಜ್ಜಿ ಅವನ ಹೊಸ್ತಲ ದಾಟ್ತದ ನೋಡು." ನಗುತ್ತಲೇ ಅಂದರು. ನನಗೆ ನಗು ಬರಲಿಲ್ಲ.

ನಿನ್ನ
ಜ್ಯೋತ್ಸ್ನಾ


ನೌಪಾಡಾ
24 ಡಿಸೆಂಬರ್ 2011

ಮಗಾ,

ನಲವತ್ತಾರು! ಔಷಧಿ ಅಂಗಡಿಯ ತಕ್ಕಡಿ ಮೇಲೆ ಎರಡು ಸಲ ನಿಲ್ಲಿಸಿದೆ.

ಈಗ ಹತ್ತೂವರೆಯಾದರೆ ಬಾಗಿಲ ಕಡೆ ನೋಡುತ್ತಾರೆ. ಲೋಲಾಕ್ಷಿ ಮೆಟ್ಟಿಲು ಹತ್ತುವ ಸದ್ದಿಗೆ ಎದ್ದು ಕೂರುತ್ತಾರೆ. ಡಬ್ಬಿ ನಾನು ತೆಗೆಯಬಾರದು, ಅವರೇ ತೆಗೆಯಬೇಕು. ಮುಚ್ಚಳ ತೆಗೆದು ಮೂಗು ಹತ್ತಿರ ಹಿಡಿಯುವುದು ಹೋಟೆಲಿನ ಕಾಲದ ಅಭ್ಯಾಸ. ಮೊದಲ ದಿನವೇ, "ಇದರಲ್ಲಿ ಶೇಂಗಾ ಉಂಟು, ಸಜ್ಜೆ ಉಂಟು. ಲೋಲಾಕ್ಷಿ ಯಾವಾಗ ಘಟ್ಟ ಹತ್ತಿದಳು?" ಎಂದರು. ಅವಳು ಪಾಪ, "ಟೀವಿಯಲ್ಲಿ ತೋರಿಸಿದರು ರಾಯರೇ," ಎಂದಳು. ಅವರು, "ಹೂಂ, ಅವಳ ಕೈ ಒಳ್ಳೆಯದುಂಟು," ಎಂದು ತಿಂದರು. ನಿನ್ನೆ, "ಇದಕ್ಕೆ ಬೆಳ್ಳುಳ್ಳಿ ಬೇಕಿತ್ತು," ಎಂದರು ಮಾರಾಯ್ತಿ! ಐವತ್ತು ವರ್ಷ ಬೆಳ್ಳುಳ್ಳಿಯನ್ನು ಮನೆಯೊಳಗೆ ತರಲಿಕ್ಕೆ ಬಿಡದವರು.

ನನಗೆ ಹೆದರಿಕೆಯಾಗುತ್ತದೆ. ಸುಳ್ಳು ಇಷ್ಟು ರುಚಿಯಾಗಬಾರದು.

ಅಮ್ಮ


ಡೊಂಬಿವಲಿ
2 ಜನವರಿ 2012

ಅಮ್ಮಾ,

ನಲವತ್ತಾರು ಎಂದು ಅತ್ತೆಗೆ ಓದಿ ಹೇಳಿದೆ. "ಇನ್ನೆರಡು ಸೇರು ಸಜ್ಜಿ," ಎಂದು ಬೆರಳೆತ್ತಿ ತೋರಿಸಿದರು.

ನಾನೂ ಸಂತೋಷಪಡುತ್ತಿದ್ದೇನೆ ಎಂದುಕೊಂಡಿದ್ದೆ. ಆದರೆ ದಿನಾ ಬೆಳಿಗ್ಗೆ ಡಬ್ಬಿ ತುಂಬುವಾಗ ಏನೋ ಚುಚ್ಚುತ್ತದೆ. ಅಪ್ಪ ಲೋಲಾಕ್ಷಿಯಕ್ಕನನ್ನು ಹೊಗಳಿದರು ಎಂದು ನೀನು ಬರೆದಾಗ ನನಗೆ ಹೊಟ್ಟೆಕಿಚ್ಚಾಯಿತು. ನಲವತ್ತೆರಡು ವರ್ಷದವಳು, ಸಿಕ್ಕದ ಹೊಗಳಿಕೆಗೆ.

ನೀನು ಎಂದೂ ಹೇಳದ ಒಂದು ಸಂಗತಿ ನನಗೆ ಗೊತ್ತಿದೆ. ಹೇಳಿದ್ದು ಲೋಲಾಕ್ಷಿಯಕ್ಕ, ಮದುವೆಯಾಗಿ ಒಂದು ವರ್ಷಕ್ಕೆ ದಾರಿಯಲ್ಲಿ ಸಿಕ್ಕಿದಾಗ. ನಾನು ಮನೆ ಬಿಟ್ಟ ಹನ್ನೊಂದನೆಯ ದಿನ ಅಪ್ಪ ಸ್ನಾನ ಮಾಡಿ, ಒದ್ದೆ ಪಂಚೆಯಲ್ಲಿ ಬಾಲ್ಕನಿಯಲ್ಲಿ ಕೂತು, ನನ್ನ ಹೆಸರು ಹೇಳಿ ಎಳ್ಳುನೀರು ಬಿಟ್ಟರಂತೆ. ಸತ್ತವರಿಗೆ ಬಿಡುವ ಹಾಗೆ. ಆ ದಿನ ನಾನು ತುರ್ಭೆಯ ಒಂದು ಕೋಣೆಯಲ್ಲಿ ಸ್ಟೋವ್ ಹಚ್ಚಲು ಕಲಿಯುತ್ತಿದ್ದೆ.

ಅಡುಗೆಮನೆಯ ಮೇಲಿನ ಕಪಾಟಿಗೆ ಅಪ್ಪನ ಕೈ ಎಟುಕುವುದಿಲ್ಲ, ಅಮ್ಮಾ. ಎಳ್ಳು ಅಲ್ಲಿರುತ್ತಿತ್ತು. ತೆಗೆದು ಕೊಟ್ಟದ್ದು ಯಾರು?

ಉತ್ತರ ಬೇಡ. ಡಬ್ಬಿ ಬರುತ್ತಲೇ ಇರುತ್ತದೆ.

ಜ್ಯೋತ್ಸ್ನಾ


ನೌಪಾಡಾ
16 ಜನವರಿ 2012

ಜ್ಯೋತ್ಸ್ನಾ,

ಶನಿವಾರದ ಡಬ್ಬಿ ಅವರೇ ತೆಗೆದರು. ಸಾರು ಕೆಳಗಿನ ಅಂತಸ್ತಿನಲ್ಲಿತ್ತು. ಮೇಲಿನದರಲ್ಲಿ ಏಳು ಉಂಡೆ, ಮೈತುಂಬ ಕರಿ ಎಳ್ಳು.

ಅವರು ಮೂಗು ಹತ್ತಿರ ಹಿಡಿಯಲಿಲ್ಲ. ನೋಡುತ್ತಾ ಕೂತರು. ಹಾಲು ಉಕ್ಕಿ ಹೋಯಿತು, ನಾನು ಏಳಲಿಲ್ಲ.

"ಇದು ಯಾರು ಕಳಿಸಿದ್ದು, ಜಯಾ?"

"ಲೋಲಾಕ್ಷಿ."

"ಲೋಲಾಕ್ಷಿಗೆ ನಾನು ಎಳ್ಳುನೀರು ಬಿಟ್ಟಿಲ್ಲವಲ್ಲ," ಎಂದರು.

ಮುಚ್ಚಳ ಹಾಕಿ, ಹೋಗಿ ಕೈ ತೊಳೆದು ಮಲಗಿದರು. ಅಲ್ಲಿಂದ ಇಲ್ಲಿಯವರೆಗೆ ಹಾಲು ಬಿಟ್ಟು ಬೇರೆ ಎಂತದೂ ಇಲ್ಲ. ನನ್ನ ಹತ್ತಿರ ಮಾತೂ ಇಲ್ಲ.

ಬದುಕಿದ್ದವನಿಗೆ ಪಿಂಡ ಕಳಿಸಿದೆಯಾ, ಮಗಾ? ನಿನಗೆ ಗೊತ್ತಿತ್ತಾ? ಇಷ್ಟು ಹೇಳು. ನಿನಗೆ ಗೊತ್ತಿತ್ತಾ?

ಜಯಲತಾ


ಡೊಂಬಿವಲಿ
19 ಜನವರಿ 2012

ಅಮ್ಮಾ,

ಇಲ್ಲ ಎಂದು ಬರೆದು ಹರಿದೆ. ಮತ್ತೆ ಬರೆದು ಮತ್ತೆ ಹರಿದೆ. ಇಲ್ಲ ಎಂದರೆ ನೀನು ನಂಬುತ್ತಿದ್ದೆ. ಅದಕ್ಕೇ ಬರೆಯಲಾಗಲಿಲ್ಲ.

ನಡೆದದ್ದನ್ನು ನಡೆದ ಹಾಗೆ ಹೇಳುತ್ತೇನೆ. ಶನಿವಾರ ಭೋಗಿ, ಸಂಕ್ರಾಂತಿಯ ಹಿಂದಿನ ದಿನ. ಅತ್ತೆಯವರ ಕಲಬುರಗಿಯ ಕಡೆ ಅದು ಉಣ್ಣುವ ಹಬ್ಬ. ಸಜ್ಜೆ ರೊಟ್ಟಿಗೆ ಎಳ್ಳು ಒತ್ತದಿದ್ದರೆ ಅವರಿಗೆ ಭೋಗಿಯೇ ಅಲ್ಲ. ಊರಿನಿಂದ ಬಂದ ಕರಿ ಎಳ್ಳಿತ್ತು. "ಎಳ್ಳು ಮೈ ಕಾಯ್ತದ. ನಿಮ್ಮಪ್ಪಗೂ ಹಬ್ಬ ಆಗ್ಲಿ," ಎಂದು ಹಬೆಯಲ್ಲಿ ಬೆಂದ ಉಂಡೆಗಳನ್ನು ಎಳ್ಳಿನ ತಟ್ಟೆಯಲ್ಲಿ ಹೊರಳಿಸಿದರು. ಗುಳಿಯಿದ್ದರೆ ಎಳ್ಳು ಒಂದೇ ಸಮನೆ ಹತ್ತುವುದಿಲ್ಲ ಎಂದು ಅವತ್ತು ನನಗೆ ಒತ್ತಲು ಬಿಟ್ಟಿರಲಿಲ್ಲ. ನುಣ್ಣಗೆ, ದುಂಡಗೆ ಏಳು. ಅವರಿಗೆ ನಮ್ಮ ಕಡೆಯ ಪಿಂಡ ಹೇಗಿರುತ್ತದೆ ಎಂದು ಏನು ಗೊತ್ತು? ಅವರ ಮನೆಯಲ್ಲಿ ಸತ್ತವರನ್ನು ಕೂರಿಸಿ ಮಣ್ಣು ಮಾಡುತ್ತಾರೆ, ಪಿಂಡವಿಲ್ಲ, ತಿಲವಿಲ್ಲ.

ಡಬ್ಬಿಗೆ ಹಾಕಲು ನಾನು ಬಗ್ಗಿದೆ. ನೋಡಿದೆ. ಅಜ್ಜಿ ಸತ್ತಾಗ ನನಗೆ ಹನ್ನೊಂದು ವರ್ಷ. ಬಾಳೆಲೆ, ದರ್ಭೆ, ಅದರ ಮೇಲೆ ಅಪ್ಪ ಇಟ್ಟ ಉಂಡೆ, ಎಳ್ಳು. ಎಲ್ಲವೂ ನೆನಪಾಯಿತು. ರೇವಣಸಿದ್ದ ಇನ್ನೂ ಶೂ ಹಾಕುತ್ತಿದ್ದರು. ಲೋಕಲ್‌ಗೆ ಹದಿನೈದು ನಿಮಿಷವಿತ್ತು. ನೀರಿನಲ್ಲಿ ಅದ್ದಿ ಎಳ್ಳು ತೊಳೆಯಬಹುದಿತ್ತು. ಒಂದೊಂದಕ್ಕೂ ಹೆಬ್ಬೆರಳು ಒತ್ತಬಹುದಿತ್ತು. ಅತ್ತೆಗೆ "ತಡೀರಿ" ಎಂದರೆ ಸಾಕಿತ್ತು.

ನಾನು ಮುಚ್ಚಳ ಹಾಕಿದೆ.

ಆಗ ನನ್ನಲ್ಲಿದ್ದದ್ದು ಏನು ಎಂದು ಐದು ದಿನದಿಂದ ಕೇಳಿಕೊಳ್ಳುತ್ತಿದ್ದೇನೆ. ಕೋಪವಾಗಿದ್ದರೆ ಮುಚ್ಚಳ ಸದ್ದು ಮಾಡುತ್ತಿತ್ತು. ಮಾಡಲಿಲ್ಲ. "ನೋಡಲಿ" ಎಂಬ ಒಂದು ಮಾತು ಒಳಗೆ ತಣ್ಣಗೆ ಕೂತಿತ್ತು, ಅಷ್ಟೇ. ಹಾಗೆಂದು ಯೋಚಿಸಿ ಮಾಡಿದೆನೇ? ಇಲ್ಲ. ಯೋಚಿಸದೆ ಮಾಡಿದೆನೇ? ಅದೂ ಇಲ್ಲ. ಹಸಿದವನ ಡಬ್ಬಿಯಲ್ಲಿ ನನ್ನ ಹಳೆಯ ನೋವನ್ನು ಹಾಕಿ ಕಳಿಸಿದೆ. ಅಷ್ಟು ದಿನ ಪ್ರೀತಿಯಿಂದಲೇ ಕಳಿಸುತ್ತಿದ್ದೆನೇ ಎಂದೂ ಈಗ ನನಗೆ ಅನುಮಾನ.

ನನಗೆ ಗೊತ್ತಿತ್ತು, ಅಮ್ಮಾ.

ಜ್ಯೋತ್ಸ್ನಾ


ಡೊಂಬಿವಲಿ
30 ಜನವರಿ 2012

ಅಮ್ಮಾ,

ನಾನು ಬರೆದು ಹನ್ನೊಂದು ದಿನ, ನಿನ್ನ ಉತ್ತರವಿಲ್ಲ. ನಾನು ಎಣಿಸುವ ದಿನಗಳೂ ಅಪ್ಪನವೇ.

ಡಬ್ಬಿ ಕಳಿಸುತ್ತಿದ್ದೇನೆ, ಎಳ್ಳಿಲ್ಲದ್ದು, ಗುಳಿಯಿದ್ದದ್ದು. ತುಂಬಿದ ಹಾಗೇ ತಿರುಗಿ ಬರುತ್ತದೆ. ಸಂಜೆ ಅದನ್ನೇ ಬಿಸಿ ಮಾಡಿ ನಾವು ತಿನ್ನುತ್ತೇವೆ. ರೇವಣಸಿದ್ದ ಒಂದು ದಿನವೂ "ಇನ್ನು ಸಾಕು" ಎನ್ನಲಿಲ್ಲ. ಲೋಲಾಕ್ಷಿಯಕ್ಕ ಕೆಳಗೆ ಇಲ್ಲ ಎಂದು ತಲೆಯಾಡಿಸುತ್ತಾರಂತೆ, ಇವರು ಡಬ್ಬಿ ಹಿಡಿದು ಸ್ಟೇಷನ್ನಿಗೆ ನಡೆಯುತ್ತಾರಂತೆ.

ಅತ್ತೆ ಕೇಳಿದರು, ಯಾಕೆ ತಿರುಗಿ ಬರುತ್ತದೆ ಎಂದು. ಹೇಳಿದೆ, ಎಲ್ಲವನ್ನೂ. ಅವರು ಕೈಯ ಹಿಟ್ಟು ಉದುರಿಸಿದರು. ಆಮೇಲೆ ಅಂದರು:

"ನಾ ಹಬ್ಬ ಕಳಿಸಿದ್ದೆ. ನೀ ಅದರಾಗ ಏನ್ ಕಳಿಸಿದಿ?"

ಆವತ್ತಿನಿಂದ ಡಬ್ಬಿಯ ಅಡುಗೆಗೆ ಅವರು ಕೈ ಹಾಕಿಲ್ಲ. ನಾನೇ ನಾದುತ್ತೇನೆ. ಕೈ ಸುಡುತ್ತದೆ.

ಅಪ್ಪನ ತೂಕ ಎಷ್ಟು? ಅಷ್ಟನ್ನಾದರೂ ಬರೆ. ಒಂದು ಅಂಕಿ ಸಾಕು.

ಜ್ಯೋತ್ಸ್ನಾ


ನೌಪಾಡಾ
7 ಫೆಬ್ರವರಿ 2012

ಮಗಾ,

ನಲವತ್ತೈದಕ್ಕೆ ಬಂದಿದ್ದಾರೆ.

ಭಾನುವಾರ ಮಧ್ಯಾಹ್ನ ಕರೆದು, "ಕಾಗದಗಳನ್ನು ಎಲ್ಲಿಟ್ಟಿದ್ದೀ? ಅವಲಕ್ಕಿ ಡಬ್ಬಿಯಲ್ಲೋ, ಬೇಳೆ ಡಬ್ಬಿಯಲ್ಲೋ?" ಎಂದರು. "ತಾ. ಓದು," ಎಂದರು. ಕನ್ನಡಕ ಹಾಕಿ ಮೊದಲಿನಿಂದ ಓದಿದೆ. ಕ್ರಿಕೆಟ್ಟಿನ ಮಾತು ಬರೆದ ನನ್ನ ಚೀಟಿ ನಿನ್ನ ಹತ್ತಿರ ಉಂಟಲ್ಲ, ಅದನ್ನು ಬಾಯಲ್ಲಿ ಹೇಳಿದೆ. ನಿನ್ನ ಅತ್ತೆಯ ಮಾತು ಬಂದಲ್ಲೆಲ್ಲ ಕಣ್ಣು ಮುಚ್ಚಿ ಕೇಳಿದರು. ಎಳ್ಳುನೀರಿನದ್ದು ಬಂದಾಗ ನಾನು ಹಾಳೆ ಮಡಚಲಿಕ್ಕೆ ಹೋದೆ. ಅವರು, "ನಿಲ್ಲಿಸಬೇಡ," ಎಂದರು.

ನೀನು ಕೇಳಿದ್ದೆಯಲ್ಲ. ಎಳ್ಳು ತೆಗೆದು ಕೊಟ್ಟದ್ದು ನಾನೇ. ಸ್ಟೂಲು ಹತ್ತಿ ತೆಗೆದೆ. ಕೊಡದಿದ್ದರೆ ಅವರು ಅಂಗಡಿಗೆ ಹೋಗಿ ತರುತ್ತಿದ್ದರು ಎಂದು ಇಷ್ಟು ವರ್ಷ ನನಗೆ ನಾನೇ ಹೇಳಿಕೊಂಡೆ. ತರಲಿ ಎಂದು ಬಿಡಬಹುದಿತ್ತು. ಹೋಗುವ ದಾರಿಯಲ್ಲಿ ಮನಸ್ಸು ತಿರುಗುತ್ತಿತ್ತೋ ಏನೋ. ನೀನು ಮುಚ್ಚಳ ಹಾಕಿದೆ, ನಾನು ಮುಚ್ಚಳ ತೆಗೆದೆ. ನಿನ್ನನ್ನು ಬೈಯಲಿಕ್ಕೆ ನಾನು ಯಾರು? ಅದಕ್ಕೇ ಇಷ್ಟು ದಿನ ಬರೆಯಲಿಲ್ಲ.

ಕೊನೆಯ ಎರಡು ಕಾಗದ ಓದುವಾಗ, ನೀನು "ನೋಡಲಿ" ಎಂದು ಬರೆದಲ್ಲಿ, "ಇನ್ನೊಮ್ಮೆ ಓದು," ಎಂದರು. ಓದಿದೆ. "ನನ್ನದೇ ಬುದ್ಧಿ," ಎಂದರು. ಸಿಟ್ಟಿನಲ್ಲಿಯಾ, ಬೇರೆ ಹೇಗಾ, ಗೊತ್ತಾಗಲಿಲ್ಲ.

ಇವತ್ತು ಬೆಳಿಗ್ಗೆ ಹೇಳಿದರು: "ಅದೇ ಏಳು ಕಳಿಸಲಿಕ್ಕೆ ಹೇಳು. ಎಳ್ಳು ಹಾಕಿಯೇ."

ಯಾಕೆ ಎಂದು ಕೇಳಲಿಲ್ಲ, ಮಗಾ. ನನಗೆ ಧೈರ್ಯವಾಗಲಿಲ್ಲ.

ಅಮ್ಮ


ಡೊಂಬಿವಲಿ
9 ಫೆಬ್ರವರಿ 2012

ಅಮ್ಮಾ,

ಡಬ್ಬಿಯ ಜೊತೆ ಈ ಚೀಟಿ. ಇವತ್ತು ಇಲ್ಲಿ ಹಲ್ಲು ಕಟಕಟಿಸುವ ಚಳಿ. ಪ್ಲಾಟ್‌ಫಾರ್ಮಿನಲ್ಲಿ ಜನ ಅಳತೆಗೆ ಹೊಂದದ ಸ್ವೆಟರ್ ಹಾಕಿ ನಿಂತಿದ್ದಾರೆ ಎಂದು ಮಾನಸಿ ನಗುತ್ತಿದ್ದಳು.

ಕಳಿಸಬೇಕೇ ಬೇಡವೇ ಎಂದು ನಿನ್ನೆಯೆಲ್ಲ ಯೋಚಿಸಿದೆ. ಅತ್ತೆಯನ್ನು ಕೇಳಿದೆ. "ಉಣ್ಣಾವ ಕೇಳ್ಯಾನ, ಕೊಡು. ಆದ್ರ ನಿನ್ನ ಕೈಲೆ ಮಾಡು, ನಾ ಮುಟ್ಟಂಗಿಲ್ಲ," ಎಂದರು. ಏಳು ಉಂಡೆ ಕಟ್ಟಿದೆ, ಎಳ್ಳಿನಲ್ಲಿ ಹೊರಳಿಸಿದೆ. ಆಮೇಲೆ ಒಂದೊಂದಕ್ಕೂ ಹೆಬ್ಬೆರಳು ಒತ್ತಿದೆ. ಒತ್ತಿದಲ್ಲಿ ಎಳ್ಳು ಉದುರಿ ಬೋಳಾಗಿದೆ. ಅದು ಹಾಗೇ ಇರಲಿ.

ಅಪ್ಪ ಇದನ್ನು ಏನು ಮಾಡಿದರೂ ನನಗೆ ಬರೆ.

ಜ್ಯೋತ್ಸ್ನಾ


ನೌಪಾಡಾ
10 ಫೆಬ್ರವರಿ 2012

ಮಗಾ,

ಬರೆಯುತ್ತೇನೆ.

ನಿನ್ನೆ ಡಬ್ಬಿ ಬಂದ ಕೂಡಲೇ ಸ್ನಾನ ಮಾಡಿದರು. ನಾನು ಬೇಡ, ಚಳಿಯುಂಟು ಎಂದರೂ ಕೇಳಲಿಲ್ಲ. ಒಂದು ಉಂಡೆಯನ್ನು ತೆಗೆದುಕೊಂಡು ಹೋಗಿ ಬಾಲ್ಕನಿಯ ಕಟ್ಟೆ ಮೇಲೆ ಇಟ್ಟರು. ಕುರ್ಚಿ ಹಾಕಿ ಶಾಲು ಹೊದ್ದು ಕೂತರು. ನನಗೆ ಆಗ ಅರ್ಥವಾಯಿತು. ಕಾಗೆಗೆ. ಮುಟ್ಟಿದರೆ ಸತ್ತವನಿಗೆ ತೃಪ್ತಿ, ಮುಟ್ಟದಿದ್ದರೆ ಏನೋ ಆಸೆ ಉಳಿದಿದೆ ಎಂದು ಲೆಕ್ಕ. ತನ್ನದನ್ನು ತಾನೇ ನೋಡಲಿಕ್ಕೆ ಕೂತಿದ್ದರು. ನಾನು ಒಳಗೆ ದೇವರ ಮುಂದೆ ಕೂತು ಕಾಗೆ ಬಾರದಿರಲಿ ಎಂದು ಬೇಡಿದೆ. ಯಾರಾದರೂ ಹೀಗೆ ಬೇಡಿದ್ದುಂಟಾ?

ಪಾರಿವಾಳ ಬಂತು, ಓಡಿಸಿದರು. ಎದುರು ಕಟ್ಟಡದ ತಂತಿ ಮೇಲೆ ಎರಡು ಕಾಗೆ ಕೂತಿದ್ದವು, ಇತ್ತ ನೋಡಿದವು, ಬರಲಿಲ್ಲ. ಹನ್ನೆರಡಾಯಿತು, ಎರಡಾಯಿತು. ಲೋಲಾಕ್ಷಿ ಬಂದು, "ರಾಯರೇ, ಠಾಣೆಯ ಕಾಗೆಗಳಿಗೆ ವಡಾ ಪಾವ್ ಆಗಬೇಕು," ಎಂದಳು. ಅವಳಿಗೆ ಬೈದರು. ಬೈಗಳು ಕೇಳಿ ನನಗೆ ಜೀವ ಬಂದ ಹಾಗಾಯಿತು.

ನಾಲ್ಕು ಗಂಟೆಗೆ ಎದ್ದರು. ಉಂಡೆಯನ್ನು ಕೈಗೆ ತೆಗೆದುಕೊಂಡು ತಿರುಗಿಸಿದರು.

"ಇದರಲ್ಲಿ ಗುಳಿ ಉಂಟು, ಜಯಾ."

"ಹೌದು."

"ಗುಳಿ ಇದ್ದರೆ ಕಾಗೆ ಯಾಕೆ ಬರುತ್ತದೆ? ಇದು ಪುಂಡಿ."

ಒಳಗೆ ಬಂದು ಸಾರು ಬಿಸಿ ಮಾಡಲಿಕ್ಕೆ ಹೇಳಿದರು. ಕಟ್ಟೆ ಮೇಲಿನದನ್ನು ತೊಳೆದು ಅದನ್ನೇ ಮೊದಲು ತಿಂದರು. ಆಮೇಲೆ ಮತ್ತೆ ಮೂರು. ಉಳಿದದ್ದನ್ನು ಇವತ್ತು. ತಿನ್ನುವಾಗ ಕಣ್ಣಲ್ಲಿ ನೀರಿತ್ತು. ಖಾರ ಎಂದರು. ಖಾರ ಇರಲಿಲ್ಲ.

ಇವತ್ತು ಸಂಜೆ ಡಬ್ಬಿ ಕೊಡುವಾಗ, "ಖಾಲಿ ಕಳಿಸುವುದಾ?" ಎಂದರು. ಅವರೇ ಅದಕ್ಕೆ ಅಕ್ಕಿ ತುಂಬಿದರು. ಮೇಲೆ ತೆಂಗಿನಕಾಯಿ ಇಡಲಿಕ್ಕೆ ನೋಡಿದರು, ಮುಚ್ಚಳ ಕೂರಲಿಲ್ಲ. ಬೇರೆ ಚೀಲದಲ್ಲಿ ಹಾಕಿದ್ದೇನೆ. "ಶೇಂಗಾ ಒಳ್ಳೆಯದೇ, ಆದರೆ ಸ್ವಲ್ಪ ಕಾಯಿಯೂ ಬೀಳಲಿ. ಬೆಳ್ಳುಳ್ಳಿ ಹಾಕಿಕೊಳ್ಳಲಿ," ಎಂದರು.

ಡಬ್ಬಿ ತರುವವರು ಸೋಮವಾರ ಮೇಲೆ ಬರಬೇಕಂತೆ. "ಇಷ್ಟು ದಿನ ಹೊತ್ತವನು ಕೆಳಗೆ ಯಾಕೆ ನಿಲ್ಲುತ್ತಾನೆ?" ಎಂದರು. ನಿನ್ನ ಹೆಸರು ಹೇಳಲಿಲ್ಲ. ನಾನೂ ಕೇಳಲಿಲ್ಲ. ನೀನೂ ಕೇಳಬೇಡ. ತೂಕ ಇನ್ನೂ ನಲವತ್ತೈದೇ. ಡಾಕ್ಟರು ಮಾರ್ಚ್ ಐದರವರೆಗೆ ಕಾಯುತ್ತೇನೆ ಎಂದಿದ್ದಾರೆ, ಅದರ ನಂತರ ಇಲ್ಲ.

ಅಮ್ಮ


ಡೊಂಬಿವಲಿ
13 ಫೆಬ್ರವರಿ 2012

ಅಮ್ಮಾ,

ಅಕ್ಕಿ, ತೆಂಗಿನಕಾಯಿ ಬಂತು. ಮೇಜಿನ ಮೇಲಿಟ್ಟು ನಾನು ಅವನ್ನು ಮುಟ್ಟದೆ ಕೂತಿದ್ದೆ. ಅತ್ತೆ ಒಂದು ನೋಟಕ್ಕೇ, "ಯವ್ವಾ, ಉಡಿ ತುಂಬ್ಯಾನ," ಎಂದರು. ತವರಿನಿಂದ ಹೊರಡುವ ಮಗಳ ಸೆರಗಿಗೆ ಹಾಕುವ ಅಕ್ಕಿ, ಕಾಯಿ. ನಾನು ಹೊರಟಾಗ ಸಿಗದಿದ್ದದ್ದು. "ಏಳು, ಸೀರಿ ಉಟ್ಕೊಂಡು ಬಾ," ಎಂದು ಎಬ್ಬಿಸಿದರು.

ನಾನು ಏಳಲಿಲ್ಲ. ಅಪ್ಪ ಹೋಟೆಲಿನವರು. ಅಡುಗೆಯಲ್ಲಿ ಕಡಿಮೆಯಾದದ್ದನ್ನು ಕಳಿಸಿರಬಹುದು, ಅಷ್ಟೇ ಇರಬಹುದು. ಸಾರಿಗೆ ಕಾಯಿ ಬೇಕು ಎಂದರೆ ಅವರಿಗೆ ಸಾರಿಗೆ ಕಾಯಿ ಬೇಕು ಎಂದೇ ಅರ್ಥ. ಒಮ್ಮೆ ಎಳ್ಳಿನಲ್ಲಿ ನನಗೆ ಬೇಕಾದ್ದನ್ನು ತುಂಬಿದೆ. ಅಕ್ಕಿಯಲ್ಲೂ ನನಗೆ ಬೇಕಾದ್ದನ್ನು ತುಂಬಿಕೊಳ್ಳಲು ಭಯವಾಗುತ್ತದೆ. ಇದನ್ನು ಅತ್ತೆಗೆ ಹೇಳಿದೆ. "ಓದಿದವ್ರ ತಲಿ," ಎಂದು ಹಣೆ ಚಚ್ಚಿಕೊಂಡರು.

ಕಡೆಗೆ ಅಕ್ಕಿಯನ್ನು ತೊಳೆದು ಆರಹಾಕಿ ತರಿ ಮಾಡಿದೆ. ಒಂದು ಹಿಡಿ ಮಾತ್ರ ತೆಗೆದು ಬೇರೆ ಇಟ್ಟಿದ್ದೇನೆ. ಯಾಕೆಂದು ನನಗೆ ನಾನೇ ಇನ್ನೂ ಹೇಳಿಕೊಂಡಿಲ್ಲ.

ಇವತ್ತಿನ ಡಬ್ಬಿಯಲ್ಲಿ ಅದೇ ಅಕ್ಕಿ, ಅರ್ಧ ಸಜ್ಜೆ, ಶೇಂಗಾದ ಜೊತೆ ಕಾಯಿ, ಅತ್ತೆ ಖುಷಿಯಿಂದ ಜಜ್ಜಿದ ಬೆಳ್ಳುಳ್ಳಿ. ಅವರು ಅಡುಗೆಮನೆಗೆ ತಿರುಗಿ ಬಂದಿದ್ದಾರೆ. ರೇವಣಸಿದ್ದ ಬೆಳಿಗ್ಗೆ ಇಸ್ತ್ರಿ ಮಾಡಿದ ಅಂಗಿ ಹಾಕಿದರು, ಬಿಚ್ಚಿದರು, ಕಾರ್ಖಾನೆಯ ಅಂಗಿಯನ್ನೇ ಹಾಕಿಕೊಂಡರು. ಅವರನ್ನು ನಿಲ್ಲಿಸಬೇಡ, ಕೂರಿಸು.

ಎಳ್ಳಿಲ್ಲ. ಒಂಬತ್ತು ಪುಂಡಿ ಇವೆ. ಗುಳಿ ಒತ್ತಿದ್ದು ನಾವು ಮೂವರು, ಮೂರು ಮೂರು. ಅತ್ತೆಯದು ಅಗಲ, ಮಾನಸಿಯದು ಸಣ್ಣದು, ಉಗುರು ತಾಗಿದ ಗೀರಿದೆ. ಯಾವುದು ಯಾರದ್ದೆಂದು ಅಪ್ಪ ಕೇಳಿದರೆ ಹೇಳು. ಕೇಳದಿದ್ದರೆ ಬಿಸಿಯಿರುವಾಗಲೇ ಬಡಿಸು.

ನಿನ್ನ
ಜ್ಯೋತ್ಸ್ನಾ